ಹೊನ್ನಾವರದ ಶಂಕರ್ ನಾಗ್



ಬೆಂಗಳೂರಿನ ಬೀದಿಗಳಲ್ಲಿ ಓಡಾಡುವ ತಮಗೆಲ್ಲ ಒಂದು ಮುಖ ಚಿರಪರಿಚಿತವಾಗಿದೆ. ಆಟೋರಿಕ್ಷಾಗಳ ಹಿಂಬದಿಯಲ್ಲಿಯೂ, ಅವುಗಳ ನಿಲ್ದಾಣಗಳ ಫಲಕಗಳ ಮೇಲೆಯೂ, ರಾಜ್ಯೋತ್ಸವದ ಚಪ್ಪರಗಳಲ್ಲಿಯೂ ಆ ಮುಖವನ್ನು ತಾವು ಕಂಡಿರುವಿರಿ. ಆ ಮುಖದ ಒಡೆಯರು ತೀರಿಕೊಂಡದ್ದು 1990ನೆಯ ಇಸವಿಯಲ್ಲಿ. ಆಗ ಇನ್ನೂ ಹುಟ್ಟಿಯೇ ಇರದಿದ್ದ ಹುಡುಗರು ಇಂದು ಆಟೋ ನಡೆಸುತ್ತ ಅದೇ ಚಿತ್ರವನ್ನು ಅಂಟಿಸಿಕೊಂಡು ತಿರುಗುತ್ತಿದ್ದಾರೆ. ಶಂಕರ್ ನಾಗ್ ಎಂದರೆ ಯಾರು ಎಂದು ಕೇಳಿದರೆ ಹತ್ತರಲ್ಲಿ ಒಂಬತ್ತು ಮಂದಿ 'ನಟ' ಎಂದು ಉತ್ತರ ಕೊಟ್ಟಾರು. ಆ ಉತ್ತರ ತಪ್ಪಲ್ಲವಾದರೂ ಅರ್ಧದ್ದು. ಉಳಿದ ಅರ್ಧವನ್ನು ಕುರಿತು, ಎಂದರೆ ಚಲಚ್ಚಿತ್ರಗಳನ್ನು ಬರೆದು ನಿರ್ದೇಶಿಸಿದ ಶಂಕರ್ ನಾಗರನ್ನು ಕುರಿತು, ಈ ಸಂಜೆ ನಾಲ್ಕು ಮಾತು ಹೇಳಬೇಕೆಂದು ನಾವು ಅಪೇಕ್ಷಿಸಿದ್ದೇವೆ.

ಈ ವಿಷಯದಲ್ಲಿ ನಮಗೊಂದು ಸ್ವಾರ್ಥವೂ ಉಂಟೆಂಬುದನ್ನು ಮೊದಲೇ ಒಪ್ಪಿಕೊಂಡುಬಿಡುವುದು ಲೇಸು. ನಾವು ಕುಮಟೆಯವರು; ಅವರು ಹುಟ್ಟಿದ್ದು ನೆರೆಯ ಹೊನ್ನಾವರದಲ್ಲಿ. ಊರಿನ ಅಭಿಮಾನ ಅನೇಕ ವೇಳೆ ವಿವೇಚನೆಯ ಕಣ್ಣಿಗೆ ಪೊರೆಯಾಗುವುದುಂಟು. ಆದರೆ ನಮ್ಮ ಪಾಲಿಗೆ ನಡೆದದ್ದು ಅದಕ್ಕೆ ವಿಪರೀತವಾದ ಸಂಗತಿ. ಹಿತ್ತಲ ಗಿಡ ಮದ್ದಲ್ಲವೆಂಬ ಗಾದೆಯನ್ನು ಸತ್ಯಮಾಡಲೋ ಎಂಬಂತೆ ಬಹುಕಾಲ ನಾವು ಈ ಮನುಷ್ಯರನ್ನು ಲೆಕ್ಕಕ್ಕೇ ತೆಗೆದುಕೊಂಡಿರಲಿಲ್ಲ. ಆ ತಪ್ಪು ಹೇಗೆ ತಿಳಿಯಿತೆಂಬುದನ್ನು ಮುಂದೆ ಹೇಳುತ್ತೇವೆ.

ಭಟ್ಕಳ, ಹೊನ್ನಾವರ, ಕುಮಟೆ ಈ ಮೂರು ತಾಲ್ಲೂಕುಗಳು ಉತ್ತರ ಕನ್ನಡದ ಕಡಲಂಚಿನಲ್ಲಿ ಒಂದರ ಹೆಗಲಿಗೊಂದು ತಾಗಿ ನಿಂತಿವೆ. ಬೆನ್ನಿಗೆ ಘಟ್ಟ, ಎದುರಿಗೆ ಕಡಲು, ನಡುವೆ ಅಡಕೆ, ತೆಂಗು, ಗದ್ದೆ. 1954ನೆಯ ನವೆಂಬರ್ 9ರಂದು ಶಂಕರರು ಹುಟ್ಟಿದಾಗ ಈ ಸೀಮೆ ಮುಂಬಯಿ ರಾಜ್ಯಕ್ಕೆ ಸೇರಿತ್ತು. ಎರಡು ವರ್ಷಗಳ ಅನಂತರ, 1956ನೆಯ ನವೆಂಬರ್ 1ರಂದು, ಅದು ಮೈಸೂರು ರಾಜ್ಯಕ್ಕೆ ಬಂದು ಸೇರಿತು. ನಕ್ಷೆ ಬದಲಾಯಿತೇ ಹೊರತು ಜನರ ಹಾದಿ ಅಷ್ಟು ಬೇಗ ಬದಲಾಗಲಿಲ್ಲ. ಹತ್ತೊಂಬತ್ತನೆಯ ಶತಮಾನದಲ್ಲಿ ಬಯಲುಸೀಮೆಯ ಹತ್ತಿ ಘಟ್ಟವಿಳಿದು ನಮ್ಮ ಕುಮಟೆಯ ಬಂದರಿನಿಂದ ಮುಂಬಯಿಗೆ ಹಡಗು ಹತ್ತುತ್ತಿತ್ತು. 'ಕುಮಟೆಯ ಹತ್ತಿ' ಎಂಬುದು ಪೇಟೆಯಲ್ಲಿ ಒಂದು ಬಗೆಯ ಸರಕಿನ ಹೆಸರೇ ಆಗಿತ್ತು. ಹತ್ತಿ ಹೋದ ದಾರಿಯಲ್ಲಿಯೇ ನಮ್ಮ ಹುಡುಗರೂ ಹೋದರು. ಶರಾವತಿಯ ಮೇಲಿನ ಎರಡು ಕಿಲೋಮೀಟರಿಗೂ ಮಿಕ್ಕ ಸೇತುವೆಯನ್ನು ದಾಟಿ ಕೊಂಕಣ ರೈಲು ಪೂರ್ತಿಯಾಗಿ ಓಡತೊಡಗಿದ್ದು 1998ರಲ್ಲಿ. ಅದಕ್ಕೆ ಬಹಳ ಮುಂಚಿನಿಂದಲೂ ನಮ್ಮ ಕರಾವಳಿಯ ಮನೆಗಳಲ್ಲಿ 'ಪಟ್ಟಣ'ವೆಂದರೆ ಬೆಂಗಳೂರಿಗಿಂತ ಮೊದಲು ನೆನಪಾಗುತ್ತಿದ್ದುದು ಮುಂಬಯಿ.

ಶಂಕರರ ಮನೆತನದ ಹೆಸರು ನಾಗರಕಟ್ಟೆ, ಮನೆಮಾತು ಕೊಂಕಣಿ. ಆ ಸಮಾಜದ ಗುರುಪೀಠವಾದ ಚಿತ್ರಾಪುರ ಮಠವು ಭಟ್ಕಳ ತಾಲ್ಲೂಕಿನ ಶಿರಾಲಿಯಲ್ಲಿದೆ. ಅಣ್ಣ ಅನಂತ್ ನಾಗರ ಬಾಲ್ಯದ ವಿದ್ಯಾಭ್ಯಾಸ ಕೆಲವು ಕಾಲ ಅಲ್ಲಿಯೂ ನಡೆಯಿತು. ಮುಂದೆ ಅಣ್ಣತಮ್ಮಂದಿರಿಬ್ಬರೂ ಮುಂಬಯಿಯ ಮಕ್ಕಳಾದರು. ಅಣ್ಣನು ಶ್ಯಾಮ್ ಬೆನೆಗಲ್ಲರ 'ಅಂಕುರ್' ಚಿತ್ರದಿಂದ 1974ರಲ್ಲಿ ಹೆಸರು ಪಡೆದರು. ತಮ್ಮನನ್ನು ಮರಾಠಿ ರಂಗಭೂಮಿ ಸೆಳೆದುಕೊಂಡಿತು. ನಾಟಕಗಳ ತಾಲೀಮಿನಲ್ಲಿಯೇ ಅರುಂಧತಿಯವರ ಪರಿಚಯವಾಯಿತು. ಪರಿಚಯ ದಾಂಪತ್ಯಕ್ಕೆ ತಿರುಗಿತು. ಕೊಂಕಣಿಯಲ್ಲಿ ಹುಟ್ಟಿ, ಕನ್ನಡದ ನೆಲದಲ್ಲಿ ಬೇರುಬಿಟ್ಟು, ಮರಾಠಿಯಲ್ಲಿ ರಂಗಶಿಕ್ಷಣ ಪಡೆದ ಈ ತರುಣರಿಗೆ ಭಾಷೆಗಳ ಗಡಿ ಎಂದೂ ಗೋಡೆಯಾಗಿ ಕಂಡಂತಿಲ್ಲ. ಅವರು ಚಲಚ್ಚಿತ್ರಕ್ಕಾಗಿ ಲೇಖನಿ ಹಿಡಿದದ್ದು ಸಹ ಮರಾಠಿಯಲ್ಲಿಯೇ. ಚಾಪೇಕರ್ ಸೋದರರ ವೃತ್ತಾಂತವನ್ನು ಹೇಳುವ '22 ಜೂನ್ 1897' ಎಂಬ 1979ರ ಚಿತ್ರದ ಬರೆವಣಿಗೆಯಲ್ಲಿ ಅವರ ಪಾಲುಂಟು.

ಕನ್ನಡ ಚಿತ್ರಕ್ಕೆ ಅವರನ್ನು ಕರೆತಂದವರು ಗಿರೀಶ ಕಾರ್ನಾಡರು. 1978ರ 'ಒಂದಾನೊಂದು ಕಾಲದಲ್ಲಿ' ಎಂಬ ಚಿತ್ರದಲ್ಲಿ ಕೂಲಿಗಾಗಿ ಕಾದುವ ಗಂಡುಗಲಿಯೆಂಬ ವೀರನ ಪಾತ್ರ ಅವರದು. ಮರುವರ್ಷ ಭಾರತದ ಅಂತರರಾಷ್ಟ್ರೀಯ ಚಲಚ್ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟನಿಗೆ ಸಲ್ಲುವ ರಜತ ಮಯೂರ ಅವರಿಗೆ ದೊರೆಯಿತು. ಇಪ್ಪತ್ತನಾಲ್ಕರ ವಯಸ್ಸಿನ ಹೊಸಬನಿಗೆ ಇದಕ್ಕಿಂತ ಮಿಗಿಲಾದ ಪ್ರಾರಂಭವನ್ನು ಯಾರು ಬಯಸಿಯಾರು?

ಆಮೇಲೆ ಬಂದದ್ದು ಪ್ರವಾಹ. ಹನ್ನೆರಡು ವರ್ಷಗಳಲ್ಲಿ ಎಂಬತ್ತಕ್ಕೂ ಮಿಕ್ಕ ಚಿತ್ರಗಳಲ್ಲಿ ಅವರು ಪಾತ್ರ ವಹಿಸಿದರು. ಹೊಡೆದಾಟದ ಚಿತ್ರಗಳಿಂದ 'ಕರಾಟೆ ಕಿಂಗ್' ಎಂಬ ಬಿರುದು ಬಂದಿತು. 'ಆಟೋ ರಾಜ'ನಿಂದ ಆಟೋ ಚಾಲಕರ ಪ್ರೀತಿ ಬಂದಿತು. ಆ ಪ್ರೀತಿ ಇಂದಿಗೂ ಬತ್ತಿಲ್ಲ. ಆದರೆ ಈ ಚಿತ್ರಗಳಲ್ಲಿ ಬಹುಭಾಗ ಅವಸರದಲ್ಲಿ ಕಟ್ಟಿ ಅವಸರದಲ್ಲಿ ಮಾರಿದ ಸರಕು ಎಂಬುದನ್ನು ಅವರ ಅಭಿಮಾನಿಗಳೂ ಅಲ್ಲಗಳೆಯಲಾರರು.

ನಮ್ಮ ತಿರಸ್ಕಾರಕ್ಕೆ ಕಾರಣವಾದದ್ದೂ ಇದೇ. ಅಧ್ಯಾಪಕವೃತ್ತಿಗೆ ಸೇರಿದ ಹೊಸದರಲ್ಲಿ ನಾವು ಒಮ್ಮೆ ಇಟಲಿಯ ವಿಟ್ಟೋರಿಯೋ ಡಿ ಸೀಕಾ ಎಂಬ ನಿರ್ದೇಶಕರ 'ಬೈಸಿಕಲ್ ಥೀವ್ಸ್' ಚಿತ್ರವನ್ನು ವಿದ್ಯಾರ್ಥಿಗಳಿಗೆ ತೋರಿಸಿ, ಅದರ ಗುಣಗಳನ್ನು ಬಗೆಬಗೆಯಾಗಿ ವರ್ಣಿಸಿದೆವು. ಮಾತಿನ ಭರದಲ್ಲಿ, ನಮ್ಮ ನಾಡಿನಲ್ಲಿ ಕರಾಟೆ ಬಲ್ಲವನೇ ಕಲಾವಿದನೆನಿಸಿಕೊಳ್ಳುತ್ತಾನೆಂದು ಒಂದು ಚಟಾಕಿಯನ್ನೂ ಹಾರಿಸಿದೆವು. ಹುಡುಗರು ನಕ್ಕರು. ತರಗತಿ ಮುಗಿದ ಮೇಲೆ ನಗದಿದ್ದ ಒಬ್ಬ ಹುಡುಗ ಬಾಗಿಲ ಬಳಿ ಕಾದು ನಿಂತಿದ್ದ. ಅವನ ತಂದೆ ಆಟೋ ಓಡಿಸುವವರೆಂಬುದು ನಮಗೆ ಆಮೇಲೆ ತಿಳಿಯಿತು. "ಸಾರ್, ತಾವು 'ಆಕ್ಸಿಡೆಂಟ್' ನೋಡಿದ್ದೀರಾ?" ಎಂದು ಕೇಳಿದ. ನೋಡಿಲ್ಲವೆಂದೆವು. "ಒಮ್ಮೆ ನೋಡಿ ಸಾರ್" ಎಂದಷ್ಟೇ ಹೇಳಿ ನಮಸ್ಕರಿಸಿ ಹೊರಟುಹೋದ. ಅದರಲ್ಲಿ ಕೊಂಕಿರಲಿಲ್ಲ; ನಮ್ಮ ಮುಖವೇ ಬೆಚ್ಚಗಾಯಿತು.

ಆ ಭಾನುವಾರ ನಾವು ಆ ಚಿತ್ರವನ್ನು ನೋಡಿದೆವು. ನೋಡಿ ಮುಗಿಸಿದಾಗ, ಯಾವ ಇಟಲಿಯ ನಿರ್ದೇಶಕರನ್ನು ಹೊಗಳಲು ನಮ್ಮವರನ್ನು ಹಳಿದಿದ್ದೆವೋ ಆ ನಿರ್ದೇಶಕರ ಬಾಳಿಗೂ ನಮ್ಮವರ ಬಾಳಿಗೂ ಎಷ್ಟು ಹೋಲಿಕೆಯುಂಟೆಂಬುದು ಮನಸ್ಸಿಗೆ ಬಂದಿತು. ಆದಕಾರಣ ಈಗ ಡಿ ಸೀಕಾರವರ ವಿಷಯವಾಗಿ ಸ್ವಲ್ಪ ಹೇಳಿ ಮುಂದುವರಿಯಬೇಕು.

ಡಿ ಸೀಕಾ ಹುಟ್ಟಿದ್ದು 1901ರಲ್ಲಿ, ತೀರಿಕೊಂಡದ್ದು 1974ರಲ್ಲಿ. 'ಬೈಸಿಕಲ್ ಥೀವ್ಸ್' ಚಿತ್ರವನ್ನಷ್ಟೇ ಬಲ್ಲವರು ಅವರನ್ನು ಒಬ್ಬ ಗಂಭೀರ ತಪಸ್ವಿಯೆಂದು ಭಾವಿಸಿದರೆ ಆಶ್ಚರ್ಯವಿಲ್ಲ. ವಾಸ್ತವವಾಗಿ ಅವರು ಹೆಂಗಳೆಯರ ಕಣ್ಮಣಿಯಾಗಿದ್ದ ಚೆಲುವ ನಟ. 1930ರ ದಶಕದ ಹಗುರ ಚಿತ್ರಗಳಲ್ಲಿ ನಕ್ಕು, ಕುಣಿದು, ಹಾಡಿ ಮನೆಮಾತಾದವರು. ಬಾಳಿನುದ್ದಕ್ಕೂ ನೂರೈವತ್ತಕ್ಕೆ ಕಡಮೆಯಿಲ್ಲದಷ್ಟು ಚಿತ್ರಗಳಲ್ಲಿ ಅವರು ಅಭಿನಯಿಸಿದರು. ಅವುಗಳಲ್ಲಿ ಎಷ್ಟನ್ನು ಕೇವಲ ಹಣಕ್ಕಾಗಿ ಒಪ್ಪಿದರೆಂಬುದಕ್ಕೆ ಲೆಕ್ಕವಿಲ್ಲ. ಜೂಜಿನ ಚಟವೂ ಇತ್ತು. ಬಂದ ಹಣದಲ್ಲಿ ಒಂದಷ್ಟು ಆ ದಾರಿ ಹಿಡಿಯಿತು. ಮತ್ತೊಂದಷ್ಟು, ಬೇರೆ ಯಾರೂ ಹಣ ಹಾಕಲೊಪ್ಪದ ಅವರ ಸ್ವಂತ ಚಿತ್ರಗಳಿಗೆ ಸಂದಿತು. ಚೆಸಾರೆ ಜವಾಟ್ಟೀನಿ ಎಂಬ ಬರಹಗಾರರ ಜೊತೆಯಲ್ಲಿ ಅವರು ಮಾಡಿದ ಆ ಚಿತ್ರಗಳಲ್ಲಿ ಸಿಂಗಾರವಿಲ್ಲ, ಅರಮನೆಗಳಿಲ್ಲ. ಯುದ್ಧದಲ್ಲಿ ಸೋತು ಸೊರಗಿದ ಊರಿನ ಬೀದಿ, ಅಲ್ಲಿ ಕೆಲಸ ಹುಡುಕುವ ಬಡವರು, ಇಷ್ಟೇ. 'ಬೈಸಿಕಲ್ ಥೀವ್ಸ್' ಚಿತ್ರಕ್ಕೆ ಅಮೆರಿಕೆಯ ನಿರ್ಮಾಪಕರೊಬ್ಬರು ಹಣ ಕೊಡಲು ಮುಂದೆ ಬಂದರಂತೆ, ಕ್ಯಾರಿ ಗ್ರ್ಯಾಂಟರನ್ನು ನಾಯಕರನ್ನಾಗಿ ಮಾಡಬೇಕೆಂಬ ಷರತ್ತಿನ ಮೇಲೆ. ಡಿ ಸೀಕಾ ಅದನ್ನೊಲ್ಲದೆ ಕಾರ್ಖಾನೆಯ ಕೂಲಿಯೊಬ್ಬರನ್ನು ಆ ಪಾತ್ರಕ್ಕೆ ಕರೆದರು. 1952ರ 'ಉಂಬರ್ಟೋ ಡಿ' ಚಿತ್ರದ ಮುದುಕನ ಪಾತ್ರಕ್ಕೆ ಅವರು ಆರಿಸಿದ್ದು ಭಾಷಾಶಾಸ್ತ್ರದ ಪ್ರಾಧ್ಯಾಪಕರೊಬ್ಬರನ್ನು. ನಮ್ಮಂಥವರಿಗೂ ಕಲಾಪ್ರಪಂಚದಲ್ಲಿ ಒಂದು ಸ್ಥಾನ ಉಂಟೆಂದು ನಾವು ಸಮಾಧಾನಪಟ್ಟುಕೊಳ್ಳಬಹುದು!

ಈ ಚಿತ್ರದ ಕಂಪನ ನಮ್ಮ ದೇಶಕ್ಕೂ ಮುಟ್ಟಿತು. 1952ರಲ್ಲಿ ಮುಂಬಯಿಯಲ್ಲಿ ಮೊತ್ತಮೊದಲ ಅಂತರರಾಷ್ಟ್ರೀಯ ಚಲಚ್ಚಿತ್ರೋತ್ಸವ ನಡೆದಾಗ ಅದನ್ನು ನೋಡಿದವರಲ್ಲಿ ಬಿಮಲ್ ರಾಯ್ ಒಬ್ಬರು. ಮರುವರ್ಷ ಅವರ 'ದೋ ಬಿಘಾ ಜಮೀನ್' ತೆರೆಗೆ ಬಂದಿತು. ಶಂಕರ್ ನಾಗರು ಡಿ ಸೀಕಾರಿಂದ ಕಲಿತರೆಂದು ನಾವು ವಾದಿಸುವುದಿಲ್ಲ. ಒಂದು ಕೈಯಿಂದ ಜನ ಕೇಳಿದ್ದನ್ನು ಕೊಟ್ಟು, ಆ ಸಂಪಾದನೆಯಿಂದ ಮತ್ತೊಂದು ಕೈಯಲ್ಲಿ ತನಗೆ ಬೇಕಾದುದನ್ನು ಕಟ್ಟುವ ನಟ-ನಿರ್ದೇಶಕನ ಬಾಳು ಇಟಲಿಯಲ್ಲಿಯೂ ಹೊನ್ನಾವರದಲ್ಲಿಯೂ ಒಂದೇ ತೆರನಾಗಿರಬಲ್ಲದೆಂಬುದಷ್ಟೇ ನಮ್ಮ ಅಭಿಪ್ರಾಯ. ಇಂಥವರನ್ನು ಅಳೆಯುವಾಗ ಬಲಗೈಯ ಕೆಲಸವನ್ನು ಮಾತ್ರ ಎಣಿಸಿ ಎಡಗೈಯನ್ನು ಮರೆತರೆ ಅನ್ಯಾಯವಾಗುತ್ತದೆ.

ಶಂಕರರು ಸ್ವತಃ ನಿರ್ದೇಶಿಸಿದ ಮೊದಲ ಚಿತ್ರ 1980ರ 'ಮಿಂಚಿನ ಓಟ'. ಕಾರುಗಳನ್ನು ಕದಿಯುವವರ ಕಥೆ ಅದು. ರೋಮಿನ ಬೀದಿಯ ಬಡವನ ಸೈಕಲ್ಲು ಕಳುವಾಗುತ್ತದೆ. ಇಲ್ಲಿ ಕಳ್ಳರೇ ಕಥಾನಾಯಕರು. ಅವರನ್ನು ಚಿತ್ರವು ಹೊಗಳುವುದೂ ಇಲ್ಲ, ಬೈಯುವುದೂ ಇಲ್ಲ. ಓಡುವವನ ಉಸಿರನ್ನು ನಮಗೆ ಕೇಳಿಸುತ್ತದೆ. ಅನಂತ್ ನಾಗ್, ಲೋಕನಾಥ್, ಶಂಕರ್ ಮೂವರೂ ಪಾತ್ರ ವಹಿಸಿದ ಆ ಚಿತ್ರಕ್ಕೆ ರಾಜ್ಯಪ್ರಶಸ್ತಿಗಳು ಸಂದವು. ಅನಂತರ 'ಜನ್ಮ ಜನ್ಮದ ಅನುಬಂಧ', 'ಗೀತಾ' ಮೊದಲಾದ ಚಿತ್ರಗಳು ಬಂದವು. ಇಳಯರಾಜರ ಸಂಗೀತದಿಂದ 'ಗೀತಾ' ಇಂದಿಗೂ ಜನರ ಕಿವಿಯಲ್ಲಿದೆ. ಅದನ್ನು ವಿಸ್ತರಿಸುವ ಅಗತ್ಯವಿಲ್ಲ.

1985ರ 'ಆಕ್ಸಿಡೆಂಟ್' ಬೇರೆಯೇ ಜಾತಿಯದು. ಪ್ರಬಲ ರಾಜಕಾರಣಿಯೊಬ್ಬನ ಮಗ ಮಾದಕ ವಸ್ತುವಿನ ಅಮಲಿನಲ್ಲಿ ರಾತ್ರಿ ಕಾರು ಓಡಿಸಿ, ಕಾಲುಹಾದಿಯ ಮೇಲೆ ಮಲಗಿದ್ದ ಕೂಲಿಗಳ ಮೇಲೆ ಹರಿಸುತ್ತಾನೆ. ಸತ್ತವರಿಗೆ ಹೆಸರಿಲ್ಲ; ಕೊಂದವನಿಗೆ ಹೆಸರಿದೆ, ಹೆಸರನ್ನು ಕಾಪಾಡಲು ತಂದೆಯಿದ್ದಾನೆ. ತಂದೆಯ ಪಾತ್ರ ಅಣ್ಣ ಅನಂತ್ ನಾಗರದು. ಸತ್ಯವನ್ನು ಬೆನ್ನಟ್ಟುವ ಪತ್ರಕರ್ತನ ಪಾತ್ರ ತಮ್ಮನದು. ಚಿತ್ರದಲ್ಲಿ ಒಂದು ಹಾಡೂ ಇಲ್ಲ. ಇತರ ಚಿತ್ರಗಳಲ್ಲಿ ಮುಷ್ಟಿಯಿಂದ ನ್ಯಾಯ ತೀರಿಸುತ್ತಿದ್ದ ನಟನ ಕೈಗೆ ಇಲ್ಲಿ ಅದೇ ನಟ ನಿರ್ದೇಶಕನಾಗಿ ಲೇಖನಿಯನ್ನು ಕೊಟ್ಟಿದ್ದಾನೆ. ಅಧಿಕಾರದ ಎದುರಿಗೆ ಆ ಲೇಖನಿಗೆ ಎಷ್ಟು ಬಲವುಂಟೆಂಬುದೇ ಚಿತ್ರದ ಪ್ರಶ್ನೆ. ಆ ಹುಡುಗ ನಮಗೆ ಇದನ್ನೇಕೆ ನೋಡಹೇಳಿದನೆಂಬುದು ಆಗ ಅರ್ಥವಾಯಿತು. ರಾತ್ರಿ ಹೊತ್ತು ಊರಿನ ಬೀದಿಗಳಲ್ಲಿ ಯಾರು ಮಲಗಿರುತ್ತಾರೆಂಬುದನ್ನು ಆಟೋ ಓಡಿಸುವವನಷ್ಟು ಚೆನ್ನಾಗಿ ಕಾಲೇಜಿನ ಅಧ್ಯಾಪಕ ಬಲ್ಲನೆ? ಸಾಮಾಜಿಕ ಸಮಸ್ಯೆಯನ್ನು ಕುರಿತ ಉತ್ತಮ ಚಿತ್ರವೆಂದು ಇದಕ್ಕೆ ರಾಷ್ಟ್ರಪ್ರಶಸ್ತಿ ಬಂದಿತು.

1987ರಲ್ಲಿ ಡಾ. ರಾಜಕುಮಾರರನ್ನು ನಾಯಕರನ್ನಾಗಿಟ್ಟುಕೊಂಡು, ಜಾನ್ ಸ್ಟೈನ್‌ಬೆಕ್ಕರ 'ದಿ ಪರ್ಲ್' ಎಂಬ ಕಥೆಯ ಆಧಾರದ ಮೇಲೆ, 'ಒಂದು ಮುತ್ತಿನ ಕಥೆ'ಯನ್ನು ತೆಗೆದರು. ಕಡಲ ತಡಿಯಲ್ಲಿ ಹುಟ್ಟಿದವರು ಕ್ಯಾಮರಾವನ್ನು ಕಡಲೊಳಗೇ ಇಳಿಸಿದರು. ಇದೂ ಸಾಹಸವೇ. ಆದರೆ ನಮ್ಮ ಮಟ್ಟಿಗೆ ಅವರ ಕೀರ್ತಿಯ ಕಳಶ ಬೆಳ್ಳಿತೆರೆಯ ಮೇಲಿಲ್ಲ. ಮನೆಯ ಪುಟ್ಟ ಪರದೆಯ ಮೇಲಿದೆ. ಅದು 'ಮಾಲ್ಗುಡಿ ಡೇಸ್'.

ಆ ಮಾಲಿಕೆ ದೂರದರ್ಶನದಲ್ಲಿ ಪ್ರಸಾರವಾಗತೊಡಗಿದಾಗ ನಾವು ಕುಮಟೆಯಲ್ಲಿ ಚಡ್ಡಿ ತೊಟ್ಟ ಹುಡುಗರು. ನಮ್ಮ ಮನೆಯಲ್ಲಿ ಟೀವಿ ಇರಲಿಲ್ಲ, ನೆರೆಮನೆಯಲ್ಲಿತ್ತು. ಕೇರಿಯ ಮಕ್ಕಳೆಲ್ಲ ಅವರ ಜಗುಲಿಯಲ್ಲಿ ಕೂರುತ್ತಿದ್ದೆವು. ಮಾತು ಹಿಂದಿ. ನಮಗೆ ಹಿಂದಿ ಬರುತ್ತಿದ್ದುದು ಶಾಲೆಯ ಪರೀಕ್ಷೆಗೆ ಸಾಲುವಷ್ಟು. ನಮ್ಮ ಅಜ್ಜಿಗೆ ಅಷ್ಟೂ ಇಲ್ಲ. ಆದರೂ ಅಜ್ಜಿ ಒಂದು ವಾರವನ್ನೂ ತಪ್ಪಿಸಲಿಲ್ಲ. ಪರದೆಯ ಮೇಲೆ ಸ್ವಾಮಿಯೆಂಬ ಹುಡುಗ ಮನೆಯ ಕಂಬಕ್ಕೆ ಒರಗಿ ನಿಂತದ್ದನ್ನು ಕಂಡು, "ಈ ಮನೆ ನಾ ನೋಡಿದ್ದೆ ಮಾರಾಯಾ" ಎಂದು ಬೆರಗುಪಟ್ಟರು. ಅವರು ಅದನ್ನು ನೋಡಿರಲಾರರು. ಆದರೆ ಅಂಥ ಮನೆಗಳಲ್ಲಿಯೇ ಅವರು ಬಾಳಿದ್ದರು. ಆ ಚಿತ್ರವನ್ನು ಕಟ್ಟಿದವರು ನೆರೆಯ ಊರಿನಲ್ಲಿ ಹುಟ್ಟಿದವರೆಂಬುದು ಆ ಜಗುಲಿಯಲ್ಲಿದ್ದ ನಮಗಾರಿಗೂ ಗೊತ್ತಿರಲಿಲ್ಲ.

ಆರ್. ಕೆ. ನಾರಾಯಣರ ಕಥೆಗಳನ್ನು ತೆರೆಗೆ ತರುವುದು ಎಷ್ಟು ಕಷ್ಟದ ಕೆಲಸವೆಂಬುದಕ್ಕೆ ಹಿಂದೆಯೇ ಒಂದು ನಿದರ್ಶನವಿತ್ತು. 1965ರಲ್ಲಿ ಅವರ 'ಗೈಡ್' ಕಾದಂಬರಿ ಹಿಂದಿಯಲ್ಲಿ ಭಾರಿ ವೈಭವದ ಚಿತ್ರವಾಯಿತು, ಜನರೂ ಮೆಚ್ಚಿದರು. ಲೇಖಕರಿಗೆ ಮಾತ್ರ ಸಮಾಧಾನವಾಗಲಿಲ್ಲ. ಅವರ ಪುಟ್ಟ ಊರು ರಾಜಸ್ಥಾನದ ಅರಮನೆಗಳ ಕಡೆಗೆ ವಲಸೆ ಹೋಗಿತ್ತು. ಈ ಅಸಮಾಧಾನವನ್ನು ಅವರು ಒಂದು ಪ್ರಬಂಧದಲ್ಲಿ ನಗುನಗುತ್ತಲೇ ತೋಡಿಕೊಂಡರು. ಮಾಲ್ಗುಡಿಯ ಜೀವ ಅದರ ಸಣ್ಣತನದಲ್ಲಿದೆ. ಒಂದು ಬೀದಿ, ಒಂದು ಶಾಲೆ, ಒಂದು ರೈಲು ನಿಲ್ದಾಣ, ಒಂದು ಮಿಠಾಯಿ ಅಂಗಡಿ. ಅದನ್ನು ದೊಡ್ಡದು ಮಾಡಿದ ಕೂಡಲೆ ಅದು ಸಾಯುತ್ತದೆ.

ಶಂಕರರು ಅದನ್ನು ಸಣ್ಣದಾಗಿಯೇ ಉಳಿಸಿದರು. ನಿರ್ಮಾಪಕ ಟಿ. ಎಸ್. ನರಸಿಂಹನ್ನರ ಬೆಂಬಲದಿಂದ, ಶಿವಮೊಗ್ಗ ಜಿಲ್ಲೆಯ ಆಗುಂಬೆಯನ್ನು ಮಾಲ್ಗುಡಿಯಾಗಿ ಆರಿಸಿಕೊಂಡರು. ಆಗುಂಬೆ ದಕ್ಷಿಣ ಭಾರತದಲ್ಲಿ ಅತಿ ಹೆಚ್ಚು ಮಳೆ ಬೀಳುವ ಊರುಗಳಲ್ಲೊಂದು. ಘಟ್ಟದ ನೆತ್ತಿಯ ಮೇಲಿದೆ. ಅಲ್ಲಿಯ ಹಳೆಯ ದೊಡ್ಡಮನೆ ಕಥೆಯ ಮನೆಯಾಯಿತು. ಅರಸಾಳಿನ ರೈಲು ನಿಲ್ದಾಣ ಮಾಲ್ಗುಡಿಯ ನಿಲ್ದಾಣವಾಯಿತು. 2020ರಲ್ಲಿ ಅದನ್ನು ಮಾಲ್ಗುಡಿ ವಸ್ತುಸಂಗ್ರಹಾಲಯವನ್ನಾಗಿ ಮಾಡಿರುವುದನ್ನು ಆ ಕಡೆ ಪ್ರಯಾಣ ಮಾಡುವವರು ನೋಡಬಹುದು. ಸ್ವಾಮಿಯಾಗಿ ಮಾಸ್ಟರ್ ಮಂಜುನಾಥ್, ತಂದೆಯಾಗಿ ಗಿರೀಶ ಕಾರ್ನಾಡ್, ಮಿಠಾಯಿ ಮಾರುವ ಜಗನ್ನನಾಗಿ ಅನಂತ್ ನಾಗ್. ಎಲ್. ವೈದ್ಯನಾಥನ್ನರ ಸಂಗೀತ, ಲೇಖಕರ ತಮ್ಮಂದಿರಾದ ಆರ್. ಕೆ. ಲಕ್ಷ್ಮಣರ ಗೆರೆಚಿತ್ರಗಳು. ಶಂಕರರ ಕೈಯಿಂದ ಹೊರಬಂದ ಕಂತುಗಳು 39.

ಇಲ್ಲಿ ನಿರ್ದೇಶಕನ ಜಾಣತನ ಎಲ್ಲಿ ಕಾಣುತ್ತದೆ ಎಂದು ವಿದ್ಯಾರ್ಥಿಗಳು ನಮ್ಮನ್ನು ಕೇಳುವುದುಂಟು. ಎಲ್ಲಿಯೂ ಎದ್ದು ಕಾಣುವುದಿಲ್ಲವೆಂಬುದೇ ಅದರ ಹೆಚ್ಚಳ. ಇದನ್ನು ವಿವರಿಸಲು ನಮ್ಮ ಸೀಮೆಯ ಒಂದು ಪದ್ಧತಿಯನ್ನು ನೆನೆಯಬೇಕು. ಹೊನ್ನಾವರ ತಾಲ್ಲೂಕಿನ ಗುಣವಂತೆಯಲ್ಲಿ ಕೆರೆಮನೆ ಶಿವರಾಮ ಹೆಗಡೆಯವರು 1934ರಲ್ಲಿ ಯಕ್ಷಗಾನ ಮೇಳವನ್ನು ಕಟ್ಟಿದರು. ಆ ಮನೆತನದ ಹೆಸರು ದೇಶಾಂತರಕ್ಕೂ ಹೋಗಿದೆ. ಯಕ್ಷಗಾನದಲ್ಲಿ, ವಿಶೇಷವಾಗಿ ತಾಳಮದ್ದಲೆಯಲ್ಲಿ, ಪದ್ಯ ಕವಿಯದು. ಭಾಗವತ ಅದನ್ನು ಹಾಡುತ್ತಾನೆ. ಅರ್ಥ ಹೇಳುವುದು ಅರ್ಥಧಾರಿಯ ಪಾಲು. ಅವನು ಕಥೆಯನ್ನು ಹೊಸದಾಗಿ ಹುಟ್ಟಿಸುವುದಿಲ್ಲ. ಕೃಷ್ಣನೂ ಕರ್ಣನೂ ಅವನ ಸ್ವತ್ತಲ್ಲ. ಪದ್ಯದ ಅಂಕೆಯಲ್ಲಿ ನಿಂತೇ, ಅದರಲ್ಲಿ ಅಡಗಿದ್ದ ಮಾತನ್ನು ಅವನು ಕೇಳಿಸಬೇಕು. ಪದ್ಯವನ್ನು ಮೀರಿ ತನ್ನ ಪಾಂಡಿತ್ಯವನ್ನು ಮೆರೆಸಹೋದವನನ್ನು ನಮ್ಮ ಹಳ್ಳಿಯ ಶ್ರೋತೃಗಳು ಕ್ಷಮಿಸುವುದಿಲ್ಲ. ಶಂಕರರು ನಾರಾಯಣರ ಕಥೆಗೆ ಒದಗಿಸಿದ್ದು ಇಂಥ ಅರ್ಥಗಾರಿಕೆಯನ್ನು. ಹುಡುಗನ ಹೆದರಿಕೆಗೆ ಎಷ್ಟು ಹೊತ್ತು ಬೇಕೋ ಅಷ್ಟು ಹೊತ್ತು ಕ್ಯಾಮರಾ ಅವನ ಮುಖದ ಮೇಲೆ ನಿಲ್ಲುತ್ತದೆ. ತಂದೆಯ ಮೌನಕ್ಕೆ ಎಷ್ಟು ಬೇಕೋ ಅಷ್ಟು ಬಿಡುವು ಸಿಗುತ್ತದೆ. ಬೇರೆಡೆ ಅಷ್ಟು ಅವಸರದ ಮನುಷ್ಯ ಇಲ್ಲಿ ಇಷ್ಟು ಸಾವಧಾನನಾದುದು ಹೇಗೆ? ತನ್ನದನ್ನು ಬದಿಗಿರಿಸಿ ಇನ್ನೊಬ್ಬರ ಕಥೆಗೆ ಕಿವಿಗೊಡುವಾಗ ಅವಸರ ತಾನಾಗಿ ತಗ್ಗುತ್ತದೆಂದು ನಮಗೆ ತೋರುತ್ತದೆ.

ಅವರ ಎಡಗೈ ಕಟ್ಟಿದ್ದು ಚಿತ್ರಗಳನ್ನಷ್ಟೇ ಅಲ್ಲ. ಬೆಂಗಳೂರಿನಲ್ಲಿ ಅವರೂ ಅರುಂಧತಿಯವರೂ 'ಸಂಕೇತ್' ಎಂಬ ನಾಟಕ ತಂಡವನ್ನು ನಡೆಸಿದರು. ಕಾರ್ನಾಡರ 'ನಾಗಮಂಡಲ' ಆ ತಂಡದಿಂದ ರಂಗಕ್ಕೆ ಬಂದಿತು. ಕನ್ನಡ ಚಿತ್ರಗಳ ಧ್ವನಿಮುದ್ರಣಕ್ಕೆ ಮದರಾಸಿನ ಹಾದಿ ಹಿಡಿಯುವುದು ರೂಢಿಯಾಗಿದ್ದಾಗ ಬೆಂಗಳೂರಿನಲ್ಲಿಯೇ ಧ್ವನಿಮುದ್ರಣಶಾಲೆಯನ್ನು ತೆರೆದರು. ನಂದಿಬೆಟ್ಟಕ್ಕೆ ಹಗ್ಗದ ದಾರಿ, ಬಡವರಿಗೆ ಅಗ್ಗದ ಮನೆ, ಬೆಂಗಳೂರಿಗೆ ಮೆಟ್ರೋ ರೈಲು ಇವೆಲ್ಲವೂ ಅವರ ತಲೆಯಲ್ಲಿದ್ದುವೆಂದು ಒಡನಾಡಿಗಳು ನೆನೆಯುತ್ತಾರೆ. ಆಗ ಕೇಳಿದವರು ನಕ್ಕಿರಬೇಕು. 2011ರ ಅಕ್ಟೋಬರಿನಲ್ಲಿ ಬೆಂಗಳೂರಿನ ಮೆಟ್ರೋ ಓಡಿತು. ನಗಲು ಯಾರೂ ಉಳಿದಿರಲಿಲ್ಲ.

ಇಲ್ಲಿ ಒಂದು ಆಕ್ಷೇಪವನ್ನು ಎದುರಿಸಲೇಬೇಕು. ಇಷ್ಟು ದಿಕ್ಕಿಗೆ ಹರಿದ ನದಿ ಎಲ್ಲಿಯೂ ಆಳವಾಗಲಿಲ್ಲವಲ್ಲ ಎಂದು ವಿಮರ್ಶಕರು ಕೇಳಬಹುದು. ಎಂಬತ್ತು ಚಿತ್ರಗಳಲ್ಲಿ ಕಳೆದ ಹೊತ್ತನ್ನು ಎಂಟು ಚಿತ್ರಗಳ ನಿರ್ದೇಶನಕ್ಕೆ ಕೊಟ್ಟಿದ್ದರೆ? ಈ ಪ್ರಶ್ನೆ ನ್ಯಾಯವಾದದ್ದು. ನಾವು ಅದನ್ನು ತಳ್ಳಿಹಾಕುವುದಿಲ್ಲ. ಸಾಧಾರಣ ಪಾತ್ರಗಳಲ್ಲಿ ಅವರು ಕಳೆದುಕೊಂಡದ್ದು ಉಂಟು. ಕನ್ನಡ ಕಳೆದುಕೊಂಡದ್ದೂ ಉಂಟು. ಆದರೆ ಆ ಹೊತ್ತನ್ನು ಕೊಳ್ಳಲು ಹಣವೆಲ್ಲಿಂದ ಬರಬೇಕಾಗಿತ್ತು? ಸದಭಿರುಚಿಯ ನಾವು ನೀವು ಟಿಕೆಟ್ಟು ಕೊಂಡು ಅವರ ಒಳ್ಳೆಯ ಚಿತ್ರಗಳನ್ನು ಸಾಕಿದೆವೆ? ಅವರ ಕರಾಟೆಯ ಚಿತ್ರಗಳಿಗೆ ಹಣ ಕೊಟ್ಟ ಆಟೋ ಚಾಲಕರೇ, ಒಂದು ಲೆಕ್ಕದಲ್ಲಿ, 'ಆಕ್ಸಿಡೆಂಟ್'ಗೂ ನಾಟಕಕ್ಕೂ ಧ್ವನಿಮುದ್ರಣಶಾಲೆಗೂ ಹಣ ಕೊಟ್ಟವರು. ಈ ಲೆಕ್ಕವನ್ನು ಹಾಕಿದ ಮೇಲೆ, ನಾವು ತರಗತಿಯಲ್ಲಿ ಹಾರಿಸಿದ ಚಟಾಕಿ ಯಾರನ್ನ ತಿಂದು ಯಾರನ್ನು ಬೈದಂತಾಯಿತೆಂಬುದು ನಮಗೆ ಮನವರಿಕೆಯಾಯಿತು.

ಇನ್ನೊಂದು ಲೆಕ್ಕವೂ ಉಂಟು. ಅದು ವಯಸ್ಸಿನದು. 1990ನೆಯ ಸೆಪ್ಟೆಂಬರ್ 30ರ ಬೆಳಗಿನ ಜಾವ, ಚಿತ್ರೀಕರಣಕ್ಕೆಂದು ಪ್ರಯಾಣ ಮಾಡುತ್ತಿದ್ದಾಗ, ದಾವಣಗೆರೆಯ ಬಳಿಯ ಆನಗೋಡಿನಲ್ಲಿ ಅವರ ಕಾರು ಅಪಘಾತಕ್ಕೀಡಾಯಿತು. ಶಂಕರರು ಅಸುನೀಗಿದರು. ಜೊತೆಯಲ್ಲಿದ್ದ ಅರುಂಧತಿಯವರು ತೀವ್ರವಾಗಿ ಗಾಯಗೊಂಡು ಬದುಕಿದರು. ಮೂವತ್ತಾರು ತುಂಬಲು ಇನ್ನೂ ನಲವತ್ತು ದಿವಸಗಳಿದ್ದುವು. ಡಿ ಸೀಕಾರವರು ಮೂವತ್ತೈದರ ಪ್ರಾಯದಲ್ಲಿ ಏನು ಮಾಡಿದ್ದರೆಂದು ನಾವು ಒಮ್ಮೆ ಎಣಿಸಿ ನೋಡಿದೆವು. ಅದುವರೆಗೆ ಅವರು ಒಂದು ಚಿತ್ರವನ್ನೂ ನಿರ್ದೇಶಿಸಿರಲಿಲ್ಲ. ಅವರ ಮೊದಲ ನಿರ್ದೇಶನ 1940ರಲ್ಲಿ, ಮೂವತ್ತೆಂಟು ದಾಟಿದ ಮೇಲೆ. 'ಬೈಸಿಕಲ್ ಥೀವ್ಸ್' ಬಂದಾಗ ಅವರಿಗೆ ನಲವತ್ತೇಳು. ಮೂವತ್ತೈದಕ್ಕೆ ಅವರು ತೀರಿಕೊಂಡಿದ್ದರೆ ಜಗತ್ತು ಅವರನ್ನು ಹಗುರ ಚಿತ್ರಗಳ ಚೆಲುವ ನಟನೆಂದಷ್ಟೇ ನೆನೆಯುತ್ತಿತ್ತು. ಬಹುಶಃ ನೆನೆಯುತ್ತಲೂ ಇರಲಿಲ್ಲ. ನಲವತ್ತನ್ನು ದಾಟಿಯೂ ಇನ್ನೂ 'ಮುಂದೆ ಬರೆಯೋಣ, ಮುಂದೆ ಮಾಡೋಣ' ಎನ್ನುತ್ತಿರುವ ನಮ್ಮಂಥವರಿಗೆ ಈ ಗಣಿತ ಸ್ವಲ್ಪ ಚುಚ್ಚುತ್ತದೆ.

ಶಂಕರರು ಹೋದ ಮೇಲೆ ಅನಂತ್ ನಾಗರು 'ನನ್ನ ತಮ್ಮ ಶಂಕರ' ಎಂಬ ಪುಸ್ತಕವನ್ನು ಬರೆದರು. ಅರುಂಧತಿಯವರು ವರ್ಷಗಟ್ಟಲೆ ಶ್ರಮಪಟ್ಟು ಬೆಂಗಳೂರಿನ ಜೆ. ಪಿ. ನಗರದಲ್ಲಿ 'ರಂಗಶಂಕರ' ಎಂಬ ನಾಟಕಮಂದಿರವನ್ನು ನಿಲ್ಲಿಸಿದರು. 2004ರಲ್ಲಿ ಅದು ತೆರೆಯಿತು. ಅಲ್ಲಿಯ ಒಂದು ಕಟ್ಟಳೆ ಪ್ರಸಿದ್ಧವಾಗಿದೆ. ಗೊತ್ತಾದ ವೇಳೆಗೆ ಬಾಗಿಲು ಮುಚ್ಚುತ್ತದೆ. ತಡವಾಗಿ ಬಂದವರು ಯಾರೇ ಆಗಿರಲಿ, ಒಳಗೆ ಪ್ರವೇಶವಿಲ್ಲ. ನಾವೂ ಒಮ್ಮೆ ತಡವಾಗಿ ಹೋಗಿ ಹೊರಗೆ ನಿಂತದ್ದುಂಟು. ಆಗ ಕೋಪ ಬಂದಿತ್ತು. ಆಮೇಲೆ ಯೋಚಿಸಿದಾಗ, ವೇಳೆಯ ಬೆಲೆಯನ್ನು ಅವರಿಗಿಂತ ಚೆನ್ನಾಗಿ ಬಲ್ಲವರು ಯಾರೆಂದು ಅನ್ನಿಸಿ ಸುಮ್ಮನಾದೆವು.

ನಮ್ಮ ಹೊತ್ತೂ ಮುಗಿಯುತ್ತ ಬಂದಿತು. ಒಂದು ಕೋರಿಕೆಯನ್ನು ಮಂಡಿಸಿ ತಮ್ಮಿಂದ ಅಪ್ಪಣೆ ಪಡೆಯುತ್ತೇವೆ. ನಾಳೆ ತಾವು ಆಟೋ ಹತ್ತಿದಾಗ ಹಿಂಬದಿಯ ಆ ಚಿತ್ರವನ್ನು ಕಂಡರೆ, ಇಳಿಯುವ ಮುನ್ನ ಚಾಲಕನನ್ನು ಅವರ ಚಿತ್ರಗಳಲ್ಲಿ ಯಾವುದು ಮೆಚ್ಚಿಗೆಯೆಂದು ವಿಚಾರಿಸಿ ನೋಡಿ. ಅವನು 'ಆಕ್ಸಿಡೆಂಟ್' ಎಂದರೆ ತಾವು ಬೆರಗಾಗಬೇಕಾಗಿಲ್ಲ. ಹಾಗೆಂದು ಅವನು ತಮ್ಮನ್ನೇ ತಿರುಗಿ ಕೇಳಿದರೆ, ನಾವು ಅಂದು ಕೊಟ್ಟ ಉತ್ತರವನ್ನು ತಾವು ಕೊಡುವಂತಾಗದಿರಲಿ.